ಅಡಗಿ ಕೂತವರು ಕಂಡದ್ದು

ಕಥೆ ಬರೆಯುವವರಿಗೆ ಸಂಪಾದಕರೂ ಗೆಳೆಯರೂ ಹೇಳುವ ಒಂದು ಮಾತಿದೆ: 'ಈ ಪಾತ್ರ ಹೀಗೆ ನಡೆದುಕೊಳ್ಳುವುದು ಸಹಜವಾಗಿಲ್ಲ.' ನನಗೂ ಹೇಳಿದ್ದಾರೆ. ಕೇಳಿದಾಗ ಮುಖ ಸಪ್ಪಗಾದರೂ ಮನೆಗೆ ಬಂದು ಆ ಭಾಗವನ್ನು ತಿದ್ದಿದ್ದೇನೆ. ಮಗನ ಹೆಣದ ಮುಂದೆ ಅಳದೆ ಕೂತಿದ್ದ ತಾಯಿಯ ಕಣ್ಣಲ್ಲಿ ನೀರು ತರಿಸಿದ್ದೇನೆ, ಓಡಿಹೋದವನನ್ನು ಹಿಂದಕ್ಕೆ ಕರೆಸಿದ್ದೇನೆ. ಕಥೆಗಾರನಿಗೆ ಈ ಸೌಲಭ್ಯವಿದೆ. ಕಟಕಟೆಯಲ್ಲಿ ನಿಂತ ಸಾಕ್ಷಿಗೆ ಇಲ್ಲ. ಅವನು ಮೊದಲು ಹೇಳಿದ್ದಕ್ಕೆ ಒಂದು ಮಾತು ಸೇರಿಸಿದರೆ ಅದು 'ಸುಧಾರಿತ ಹೇಳಿಕೆ'. ಸೇರಿಸದೆ ಹಾಗೇ ಹೇಳಿದರೆ 'ಅಸಹಜ ವರ್ತನೆ'.

ಕೆಲವು ವರ್ಷಗಳಿಂದ ನಾನು ಜಾತಿ ದೌರ್ಜನ್ಯದ ಪ್ರಕರಣಗಳ ಮೇಲ್ಮನವಿ ತೀರ್ಪುಗಳನ್ನೂ ಅವುಗಳ ಸುತ್ತ ನಡೆದ ಚರ್ಚೆಯನ್ನೂ ಓದುತ್ತಿದ್ದೇನೆ. ನಾನು ವಕೀಲನಲ್ಲ. ಕಾನೂನಿನ ಓದುಗನಾಗಿ ಅಲ್ಲ, ಕಥೆಯ ಓದುಗನಾಗಿಯೇ ಓದಿದೆ. ಯಾರು ನೋಡಿದರು, ಎಲ್ಲಿ ನಿಂತು ನೋಡಿದರು, ನೋಡಿದ ಮೇಲೆ ಏನು ಮಾಡಿದರು, ಅದನ್ನು ನಂಬಬಹುದೇ? ತೀರ್ಪಿನ ಪುಟಗಳಲ್ಲಿ ನಡೆಯುವ ಕೆಲಸ ನಾವು ಕಥಾವಿಮರ್ಶೆಯಲ್ಲಿ ಮಾಡುವ ಕೆಲಸಕ್ಕೆ ಬಹಳ ಹತ್ತಿರದ್ದು. ಹಾಗಾಗಿ ಅದನ್ನು ವಿಮರ್ಶೆಯ ಅಳತೆಗೋಲಿನಿಂದಲೇ ಅಳೆದರೆ ತಪ್ಪಲ್ಲವೆಂದು ನನಗನಿಸುತ್ತದೆ.

ಕೀಳ್ವೆಣ್ಮಣಿಯಿಂದ ಶುರುಮಾಡೋಣ. 1968ರ ಡಿಸೆಂಬರ್ 25ರ ರಾತ್ರಿ, ಆಗಿನ ತಂಜಾವೂರು ಜಿಲ್ಲೆಯ ಆ ಊರಿನಲ್ಲಿ ಒಂದು ಗುಡಿಸಿಲೊಳಗೆ ಅವಿತ 44 ಜನ ಬೆಂದುಹೋದರು. ಸತ್ತವರಲ್ಲಿ ಹೆಚ್ಚಿನವರು ದಲಿತ ಕೂಲಿಗಳ ಹೆಂಗಸರು ಮತ್ತು ಮಕ್ಕಳು. ಆರೋಪಿಗಳು 23 ಮಂದಿ ಮಿರಾಸುದಾರರು. ಕೆಳಗಿನ ಕೋರ್ಟು ಕೆಲವರಿಗೆ ಶಿಕ್ಷೆ ಕೊಟ್ಟಿತು. 1973ರಲ್ಲಿ ಮದರಾಸು ಹೈಕೋರ್ಟು ಅವರನ್ನು ಬಿಟ್ಟಿತು. ಬಿಡುವಾಗ ಕೊಟ್ಟ ಕಾರಣಗಳಲ್ಲೊಂದು ಅಂದಿನಿಂದ ಇಂದಿನವರೆಗೆ ಜನರ ನೆನಪಿನಲ್ಲಿ ಉಳಿದಿದೆ. ಆರೋಪಿಗಳೆಲ್ಲ ಅಪಾರ ಭೂಮಿಯುಳ್ಳ ಶ್ರೀಮಂತರು, ಅಂಥವರು ಆಳುಗಳ ನೆರವಿಲ್ಲದೆ ತಾವೇ ಕಾಲ್ನಡಿಗೆಯಲ್ಲಿ ಹೋಗಿ ಗುಡಿಸಿಲಿಗೆ ಬೆಂಕಿ ಇಟ್ಟರೆಂದರೆ ನಂಬುವುದು ಕಷ್ಟ ಎಂಬುದು ಅದರ ಸಾರ.

ಇದನ್ನು ಒಂದು ಪಾತ್ರ ವಿಮರ್ಶೆಯೆಂದು ಓದಿ ನೋಡಿ. ನ್ಯಾಯಮೂರ್ತಿಗಳ ಮನಸ್ಸಿನಲ್ಲಿ ಭೂಮಾಲಕನ ಒಂದು ಚಿತ್ರವಿದೆ. ಅವನು ಗಾಡಿಯಲ್ಲಿ ಓಡಾಡುವವನು, ಕೈಗೆ ಮಸಿ ಹತ್ತಿಸಿಕೊಳ್ಳದವನು. ಕೂಲಿಗಳು ಕಂಡ ಭೂಮಾಲಕ ಆ ಚಿತ್ರಕ್ಕೆ ಹೊಂದಲಿಲ್ಲ. ಹೊಂದದ ಕಡೆ ಬದಲಾಗಬೇಕಾದದ್ದು ಚಿತ್ರವಾಗಿತ್ತು. ಸುಳ್ಳಾದದ್ದು ಕೂಲಿಗಳ ಕಣ್ಣು. ದಿನವೂ ಅವನ ಗದ್ದೆಯಲ್ಲಿ ಬಗ್ಗಿ ದುಡಿದವರಿಗೆ ಅವನ ನಡಿಗೆ, ಗಂಟಲು, ಬೈಗುಳ ಎಲ್ಲ ಗೊತ್ತು ಎಂಬ ಸಂಗತಿಗೆ ತೂಕ ಬರಲಿಲ್ಲ. ಇದೇ ಘಟನೆಯನ್ನಿಟ್ಟುಕೊಂಡು ಇಂದಿರಾ ಪಾರ್ಥಸಾರಥಿಯವರು ತಮಿಳಿನಲ್ಲಿ 'ಕುರುದಿಪ್ಪುನಲ್' ಕಾದಂಬರಿ ಬರೆದರು. ಅದಕ್ಕೆ 1977ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಭೂಮಾಲಕನ ಕ್ರೌರ್ಯದ ಬೇರನ್ನು ಅವನ ದೈಹಿಕ ಕೊರತೆಯಲ್ಲಿ ಹುಡುಕಿದರೆಂದು ಆ ಕಾದಂಬರಿಯನ್ನು ವಿಮರ್ಶಕರು ತರಾಟೆಗೆ ತೆಗೆದುಕೊಂಡರು. ಕಾದಂಬರಿಕಾರರು ಈ ಟೀಕೆಯನ್ನು ಎದುರಿಸಬೇಕಾಯಿತು. ಸಾಹಿತ್ಯದವರು ಒಂದು ಪಾತ್ರಕ್ಕಾಗಿ ಇಷ್ಟು ಜಗಳವಾಡುತ್ತೇವೆ.

ಇನ್ನೊಂದು ಊರು ಬಿಹಾರದ ಭೋಜಪುರ ಜಿಲ್ಲೆಯ ಬಥಾನಿ ಟೋಲಾ. 1996ರ ಜುಲೈ 11ರಂದು ರಣವೀರ ಸೇನೆಯವರು ಹಗಲು ಹೊತ್ತಿನಲ್ಲಿ ನುಗ್ಗಿ 21 ಜನರನ್ನು ಕೊಂದರು. ಸತ್ತವರು ದಲಿತರು ಮತ್ತು ಮುಸ್ಲಿಮರು. ಬಹುಪಾಲು ಹೆಂಗಸರು, ಮಕ್ಕಳು, ಎದೆಹಾಲಿನ ಕೂಸುಗಳೂ ಇದ್ದವು. ಈ ಪತ್ರಿಕೆಯ ಎಷ್ಟೋ ಓದುಗರಿಗೆ ಗುಜರಾತಿನ ಊರುಗಳ ಹೆಸರು ಬಾಯಿಪಾಠವಿದೆ, ಬಥಾನಿ ಟೋಲಾದ ಹೆಸರು ಗೊತ್ತಿರಲಿಕ್ಕಿಲ್ಲ. ಅದು ಜಾತಿಯ ಲೆಕ್ಕಕ್ಕೆ ಸೇರಿದ್ದರಿಂದಲೋ ಏನೋ ನಮ್ಮ ದುಃಖದ ಲೆಕ್ಕದಿಂದ ಬಿಟ್ಟುಹೋಯಿತು.

2010ರಲ್ಲಿ ಆರಾ ಸೆಷನ್ಸ್ ಕೋರ್ಟು 23 ಜನರಿಗೆ ಶಿಕ್ಷೆ ವಿಧಿಸಿತು. ಮೂವರಿಗೆ ಗಲ್ಲು, ಉಳಿದವರಿಗೆ ಜೀವಾವಧಿ. 2012ರ ಏಪ್ರಿಲ್‌ನಲ್ಲಿ ಪಾಟ್ನಾ ಹೈಕೋರ್ಟು ಎಲ್ಲರನ್ನೂ ಖುಲಾಸೆ ಮಾಡಿತು. ಪ್ರತ್ಯಕ್ಷದರ್ಶಿಗಳು ಪೊದೆ ಹಳ್ಳಗಳಲ್ಲಿ ಅಡಗಿ ಕೂತು ನೋಡಿದೆವೆಂದು ಹೇಳಿದ್ದರು. ಹೈಕೋರ್ಟಿನ ತರ್ಕ ಹೀಗೆ ಸಾಗುತ್ತದೆ: ಬಂದವರು ಯಾರನ್ನೂ ಉಳಿಸಬಾರದೆಂದೇ ಬಂದವರು, ಹತ್ತಿರದಲ್ಲಿ ಯಾರಾದರೂ ಅಡಗಿದ್ದರೆ ಹುಡುಕಿ ಕೊಲ್ಲುತ್ತಿದ್ದರು, ಈ ಸಾಕ್ಷಿಗಳು ಬದುಕಿದ್ದಾರೆ, ಆದ್ದರಿಂದ ಅವರು ಅಲ್ಲಿರಲಿಲ್ಲ. ಅಂದರೆ ಈ ಊರಿನಲ್ಲಿ ಕೊಲೆಯನ್ನು ನಿಜವಾಗಿ ನೋಡಿದವರು ಸತ್ತವರು ಮಾತ್ರ. ಉರ್ದುವಿನಲ್ಲಿ 'ಶಹಾದತ್' ಎಂಬ ಒಂದೇ ಶಬ್ದಕ್ಕೆ ಸಾಕ್ಷ್ಯ ಎಂಬ ಅರ್ಥವೂ ಇದೆ, ಬಲಿದಾನ ಎಂಬ ಅರ್ಥವೂ ಇದೆ. ಶಾಲೆಯಲ್ಲಿ ಮೇಷ್ಟ್ರು ಇದನ್ನು ಹೇಳಿದಾಗ ಚಮತ್ಕಾರವಾಗಿ ಕಂಡಿತ್ತು.

ಅಡಗಿ ಕೂತವನಿಗೆ ಕಾಣುವುದು ಎಷ್ಟು? ಇದು ಕೇಳಲೇಬೇಕಾದ ಪ್ರಶ್ನೆ. ಪೊದೆಯಿಂದ ಗುಡಿಸಿಲಿಗೆ ಎಷ್ಟು ದೂರ, ನಡುವೆ ಏನಿತ್ತು, ಬೆಳಕು ಎತ್ತ ಕಡೆಯಿತ್ತು ಎಂದು ಕೇಳಿ, ಉತ್ತರ ಸಿಗದಿದ್ದರೆ ನಂಬಬೇಡಿ. ಅದು ಸಾಕ್ಷ್ಯದ ಪರೀಕ್ಷೆ. 'ಕೊಲೆಗಾರರು ದಕ್ಷರು, ಆದ್ದರಿಂದ ನೀನು ಸುಳ್ಳ' ಎನ್ನುವುದು ಕೊಲೆಗಾರರ ದಕ್ಷತೆಗೆ ಕೊಟ್ಟ ಪ್ರಮಾಣಪತ್ರ. 1997ರ ಡಿಸೆಂಬರ್ 1ರ ರಾತ್ರಿ 58 ಜನರ ಹತ್ಯೆ ನಡೆದ ಲಕ್ಷ್ಮಣಪುರ ಬಾಥೆಯಲ್ಲೂ ಇದೇ ಆಯಿತು. 2010ರಲ್ಲಿ 26 ಮಂದಿಗೆ ಶಿಕ್ಷೆ, 2013ರ ಅಕ್ಟೋಬರ್‌ನಲ್ಲಿ ಅಷ್ಟೂ ಮಂದಿಗೆ ಬಿಡುಗಡೆ, ಸಾಕ್ಷಿಗಳು ನಂಬಲರ್ಹರಲ್ಲವೆಂಬ ಕಾರಣಕ್ಕೆ.

ಇಷ್ಟಾದರೂ ನಮ್ಮ ಸಾಕ್ಷ್ಯ ಕಾನೂನು ದಡ್ಡ ಕಾನೂನೇನಲ್ಲ. ಅದರಲ್ಲಿ ಲೋಕಾನುಭವ ತುಂಬಿದ ಮಾತುಗಳು ಬೇಕಾದಷ್ಟಿವೆ. 1953ರಲ್ಲೇ ದಲೀಪ್ ಸಿಂಗ್ ಪ್ರಕರಣದಲ್ಲಿ ನ್ಯಾಯಮೂರ್ತಿ ವಿವಿಯನ್ ಬೋಸ್ ಅವರು, ಸಾಕ್ಷಿಗಳು ಹೆಂಗಸರೆಂಬ ಕಾರಣಕ್ಕೆ ಅವರ ಮಾತಿಗೆ ಬೇರೆ ಆಧಾರ ಬೇಕೆನ್ನುವ ಯಾವ ನಿಯಮವೂ ತಮಗೆ ಗೊತ್ತಿಲ್ಲವೆಂದರು. ಸತ್ತವರ ಹತ್ತಿರದ ಸಂಬಂಧಿಯು ನಿಜವಾದ ಅಪರಾಧಿಯನ್ನು ಬಿಟ್ಟು ಬೇರೆಯವನ ಹೆಸರು ಹೇಳುವುದು ಸಾಮಾನ್ಯವಾಗಿ ನಡೆಯದ ಸಂಗತಿಯೆಂದೂ ಹೇಳಿದರು. ಹಗೆತನವಿದ್ದಾಗ ಅಮಾಯಕರನ್ನೂ ಸೇರಿಸುವ ಚಾಳಿ ಇರುತ್ತದೆಂಬ ಎಚ್ಚರವನ್ನೂ ಅದೇ ಉಸಿರಿನಲ್ಲಿ ಕೊಟ್ಟರು. 1983ರ ರಾಣಾ ಪ್ರತಾಪ್ ತೀರ್ಪಿನಲ್ಲಿ ಚಿನ್ನಪ್ಪ ರೆಡ್ಡಿಯವರು, ಕೊಲೆ ಕಂಡವರೆಲ್ಲ ಒಂದೇ ರೀತಿ ವರ್ತಿಸುವುದಿಲ್ಲ, ಒಬ್ಬ ಕೂಗಿಕೊಳ್ಳುತ್ತಾನೆ, ಒಬ್ಬ ಕಲ್ಲಾಗಿ ನಿಲ್ಲುತ್ತಾನೆ, ಒಬ್ಬ ಓಡುತ್ತಾನೆ ಎಂಬ ಅರ್ಥದ ಮಾತು ಬರೆದರು. ಅದೇ ವರ್ಷದ ಭರವಾಡಾ ಪ್ರಕರಣದಲ್ಲಿ ಎಂ.ಪಿ. ಠಕ್ಕರ್ ಅವರು, ಮನುಷ್ಯನ ನೆನಪು ವಿಡಿಯೋ ಟೇಪಲ್ಲ, ಜನ ಹೊತ್ತುಗೊತ್ತನ್ನು ಅಂದಾಜಿನಲ್ಲಿ ಹೇಳುತ್ತಾರೆ ಎಂದರು. ಗುಂಪು ದಾಳಿಯಾದಾಗ ಯಾರನ್ನು ಹೊಣೆ ಮಾಡಬೇಕೆಂಬುದಕ್ಕೆ 1964ರ ಮಸಾಲ್ತಿ ತೀರ್ಪಿನಲ್ಲಿ ಒಂದು ದಾರಿಯಿದೆ. ಎರಡು ಮೂರು ಅಥವಾ ಹೆಚ್ಚು ಸಾಕ್ಷಿಗಳು ಹೊಂದಾಣಿಕೆಯಾಗುವಂತೆ ಹೆಸರಿಸಿದವರನ್ನೇ ಹಿಡಿಯಬಹುದು. ಕಥೆ ಬರೆಯುವವನಿಗೆ ಈ ನಾಲ್ಕು ತೀರ್ಪುಗಳಿಂದ ಕಲಿಯಲು ಬಹಳವಿದೆ. ಮೇಲ್ಮನವಿಯ ಪೀಠಗಳೂ ಇವನ್ನು ಉದ್ಧರಿಸುತ್ತವೆ. ಉದ್ಧರಿಸಿ ಮುಂದಿನ ಪುಟದಲ್ಲಿ ಬೇರೆ ದಾರಿ ಹಿಡಿಯುತ್ತವೆ.

ಸಾಕ್ಷಿಯ ಮಾತು ಆ ಪೀಠದ ಮೇಜಿಗೆ ಹೇಗೆ ಬಂದು ಸೇರುತ್ತದೆ ಎಂಬುದನ್ನು ನಾನು ಪುಸ್ತಕದಿಂದ ಕಲಿತದ್ದಲ್ಲ. ನಮ್ಮ ಅಬ್ಬಾ ತಾಲ್ಲೂಕು ಕಚೇರಿಯ ಹೊರಗೆ ಬೇವಿನಮರದ ಕೆಳಗೆ ಕೂತು ಅರ್ಜಿ ಬರೆಯುತ್ತಿದ್ದರು. ಫಿರ್ಯಾದಿ, ತಕರಾರು, ಮಹಜರು, ಜಾಮೀನು, ವಕಾಲತ್ತು - ಕೋರ್ಟಿನ ಕನ್ನಡದಲ್ಲಿ ಅರ್ಧ ನಮ್ಮ ಮನೆಯ ಮಾತೇ ಆದ್ದರಿಂದ ಅವರಿಗೆ ಆ ಬರವಣಿಗೆ ಸಲೀಸು. 1990ರ ದಶಕದ ಮೊದಲ ವರ್ಷಗಳವು, ಪರಿಶಿಷ್ಟರ ಮೇಲಿನ ದೌರ್ಜನ್ಯ ತಡೆಯುವ 1989ರ ಕಾಯ್ದೆ ಇನ್ನೂ ಹೊಸತು. ಒಬ್ಬ ಮುದುಕಿ ಬಂದಳು. ಆಕೆಯ ಮಗ ಊರ ಕಟ್ಟೆಯ ಮೇಲೆ ಕಾಲು ಇಳಿಬಿಟ್ಟು ಕೂತನೆಂದು ಹೊಡೆದಿದ್ದರು. ಆಕೆ ಹೇಳತೊಡಗಿದಳು.

"ಆಕಳಾ ಬಿಟ್ಟು ಬಂದಿದ್ನಿರಿ ಸಾಹೇಬ್ರ. ಒಲಿ ಹಚ್ಚಬೇಕಂತ ಕುಂತಿದ್ದೆ. ಅಷ್ಟರಾಗ ನನ್ನ ಮಗ ಒದರಿದ್ದು ಕೇಳಿಸ್ತು."

"ಎಷ್ಟು ಹೊತ್ತಾಗಿತ್ತವ್ವಾ?"

"ಹೊತ್ತು ಮಾರುದ್ದ ಏರಿತ್ರಿ."

"ಏನಂತ ಬೈದ್ರು?"

"ಅನಬಾರದ್ದು ಅಂದ್ರು ಬಿಡ್ರಿ."

ಅಬ್ಬಾ ಬರೆದದ್ದು ಹೀಗೆ: 'ಸುಮಾರು ಬೆಳಿಗ್ಗೆ 10 ಗಂಟೆಗೆ ಮೇಲ್ಕಂಡ ಆಸಾಮಿಗಳು ಏಕಾಏಕಿ ಜಗಳ ತೆಗೆದು ಜಾತಿ ಎತ್ತಿ ಅವಾಚ್ಯ ಶಬ್ದಗಳಿಂದ ಬೈದು ಕೈಗಳಿಂದ ಹೊಡೆದಿರುತ್ತಾರೆ.' ಸ್ಟೇಷನ್ನಿನ ರೈಟರು ಅದನ್ನೇ ಇಳಿಸಿಕೊಂಡ. ಆಮೇಲೆ ಸಾಕ್ಷಿಗಳ ಹೇಳಿಕೆ ಬರೆದಾಗ ಎಲ್ಲರೂ ಒಂದೇ ಗಂಟಲಿನಲ್ಲಿ ಮಾತಾಡಿದರು: 'ನಾನು ಮೇಲ್ಕಂಡ ವಿಳಾಸದಲ್ಲಿ ಹೆಂಡತಿ ಮಕ್ಕಳೊಂದಿಗೆ ವಾಸವಾಗಿರುತ್ತೇನೆ. ಕೂಲಿ ಕೆಲಸ ಮಾಡಿಕೊಂಡಿರುತ್ತೇನೆ.' ಪೊಲೀಸರ ಮುಂದಿನ ಈ ಹೇಳಿಕೆಗೆ ಸಾಕ್ಷಿಯ ಸಹಿ ಇರಕೂಡದು. ಅದನ್ನು ಸಾಕ್ಷ್ಯವೆಂದು ಒಪ್ಪುವಂತಿಲ್ಲ. ಆದರೆ ಅದರಲ್ಲಿಲ್ಲದ ಮಾತನ್ನು ಅವನು ಕೋರ್ಟಿನಲ್ಲಿ ಹೇಳಿದರೆ ಅವನನ್ನು ಸುಳ್ಳನೆಂದು ತೋರಿಸಲು ಬಳಸಬಹುದು. ತಾನು ಬರೆಯದ, ಓದದ, ಸಹಿ ಹಾಕದ ಗದ್ಯಕ್ಕೆ ಅವನು ಹೊಣೆಗಾರ.

ಪಾಟೀಸವಾಲಿನಲ್ಲಿ ವಕೀಲರು ಆ ಮುದುಕಿಯನ್ನು ಗಡಿಯಾರ ನೋಡಲು ಬರುತ್ತದೆಯೇ ಎಂದು ಕೇಳಿದರು. ಬರುವುದಿಲ್ಲವೆಂದಳು. ಹಾಗಾದರೆ 10 ಗಂಟೆ ಎಂದು ಯಾರು ಹೇಳಿಕೊಟ್ಟರು? ಬೈಗುಳ ಯಾವುದು ಎಂದರು. ತುಂಬಿದ ಕೋರ್ಟಿನಲ್ಲಿ ತನ್ನ ಜಾತಿಯ ಹೆಸರಿನ ಆ ಬೈಗುಳವನ್ನು ತನ್ನ ಬಾಯಿಂದಲೇ ಹೇಳಬೇಕು. ಬಹಳ ಹೊತ್ತಿನ ಮೇಲೆ ಹೇಳಿದಳು. ಫಿರ್ಯಾದಿಯಲ್ಲಿ ಈ ಶಬ್ದ ಇಲ್ಲವಲ್ಲ, ಇದು ಈಗ ಸೇರಿಸಿದ್ದು ಎಂದರು. 'ಅವಾಚ್ಯ' ಎಂದು ಬರೆದದ್ದೇ ಬರೆಯಬಾರದ್ದೆಂಬ ಮರ್ಯಾದೆಗಾಗಿ. ಆ ಮರ್ಯಾದೆಯೇ ಕೇಸನ್ನು ಮುರಿಯಿತು. ಅಬ್ಬಾ ಆ ದಿನ ಕೋರ್ಟಿನಲ್ಲಿದ್ದರು. ಮನೆಗೆ ಬಂದು ಊಟ ಬೇಡವೆಂದರು.

ಇನ್ನೂ ಒಂದು ಸಂಗತಿ ಇದೆ. ಇದನ್ನು ಬರೆಯದೆ ಬಿಟ್ಟರೆ ಮೇಲಿನದ್ದೆಲ್ಲ ಬರೆಯುವ ಹಕ್ಕು ನನಗಿಲ್ಲ. ನಮ್ಮ ಕೋರ್ಟುಗಳು 'ಸ್ವತಂತ್ರ ಸಾಕ್ಷಿ'ಯನ್ನು ಕೇಳುತ್ತವೆ. ಕೇರಿಯ ಮೇಲೆ ದಾಳಿಯಾದರೆ ಕೇರಿಯವರೆಲ್ಲ ಹಿತಾಸಕ್ತರು. ಹೊಡೆದವರ ಓಣಿಯವರು ಬಂದು ಹೇಳುವುದಿಲ್ಲ. ಹಾಗಾಗಿ ಎಷ್ಟೋ ಊರುಗಳಲ್ಲಿ ಪೊಲೀಸರು ಪಂಚರನ್ನಾಗಿ, ಸಾಕ್ಷಿಯಾಗಿ ಹಿಡಿದು ತರುವುದು ನಮ್ಮವರನ್ನು - ಸೈಕಲ್ ಅಂಗಡಿಯ ಸಾಬರು, ಚಹಾದಂಗಡಿಯವರು, ಪಿಂಜಾರರು. ಆ ಪ್ರಕರಣದಲ್ಲಿ ಕಟ್ಟೆಯ ಎದುರಿಗೆ ಸೈಕಲ್ ಅಂಗಡಿ ಇಟ್ಟವರು ನನ್ನ ಮಾಮೂ. ಅವರು ಎಲ್ಲವನ್ನೂ ಕಂಡಿದ್ದರು. ಮನೆಯಲ್ಲಿ ಹೇಳಿದ್ದರು. ಕೋರ್ಟಿನಲ್ಲಿ, ನಾನು ಟ್ಯೂಬಿಗೆ ಪಂಕ್ಚರ್ ಹಚ್ಚುತ್ತಿದ್ದೆ, ತಲೆ ಎತ್ತಿ ನೋಡಲಿಲ್ಲ, ಸ್ಟೇಷನ್ನಿನಲ್ಲಿ ಖಾಲಿ ಕಾಗದಕ್ಕೆ ರುಜು ಹಾಕಿಸಿಕೊಂಡರು ಎಂದರು. ಅಂಗಡಿಯ ಜಾಗ ಆರೋಪಿಯ ಅಣ್ಣನದು. ಮಾಮೂ ಕೆಟ್ಟವರಲ್ಲ. ಐದು ಹೊತ್ತಿನ ನಮಾಜಿನವರು, ಯಾರ ಕಾಸನ್ನೂ ಇಟ್ಟುಕೊಂಡವರಲ್ಲ. ಬೆಸ್ಟ್ ಬೇಕರಿ ಪ್ರಕರಣದಲ್ಲಿ ಸಾಕ್ಷಿಗಳು ತಿರುಗಿಬಿದ್ದಾಗ, 2004ರಲ್ಲಿ ಸುಪ್ರೀಂ ಕೋರ್ಟು ವಿಚಾರಣೆಯನ್ನೇ ರಾಜ್ಯದಾಚೆ ಕಳಿಸಿದಾಗ, ನಾವೆಲ್ಲ ಸಾಕ್ಷಿಗಳ ಭಯದ ಬಗ್ಗೆ ಮರುಕದಿಂದ ಮಾತಾಡಿದೆವು. ಆ ಮರುಕದ ನಡುವೆ ನನಗೆ ಮಾಮೂನ ಅಂಗಡಿ ನೆನಪಾಗುತ್ತಿತ್ತು.

ಸಾಕ್ಷಿ ತಿರುಗಿಬಿದ್ದರೆ ಅಪೀಲಿನಲ್ಲಿ ಏನು ಉಳಿಯುತ್ತದೆ? ಕಂಬಾಲಪಲ್ಲಿಯನ್ನು ನೆನೆಯಬೇಕು. ಆಗ ಕೋಲಾರ ಜಿಲ್ಲೆಯಲ್ಲಿದ್ದ ಆ ಊರಿನಲ್ಲಿ 2000ದ ಮಾರ್ಚ್ 11ರಂದು ಏಳು ಮಂದಿ ದಲಿತರನ್ನು ಸುಟ್ಟರು. 2006ರಲ್ಲಿ ಕೋಲಾರದ ನ್ಯಾಯಾಲಯ ಎಲ್ಲ ಆರೋಪಿಗಳನ್ನು ಬಿಟ್ಟಿತು. ಸಾಕ್ಷಿಗಳು, ಬೆಂಕಿಯಿಂದ ಪಾರಾದವರ ಮನೆಯವರೂ ಸೇರಿ, ತಿರುಗಿಬಿದ್ದಿದ್ದರು. 2014ರ ಆಗಸ್ಟ್‌ನಲ್ಲಿ ಕರ್ನಾಟಕ ಹೈಕೋರ್ಟು ಅದನ್ನೇ ಎತ್ತಿಹಿಡಿಯಿತು. ಬಿಡುಗಡೆಯ ವಿರುದ್ಧದ ಅಪೀಲಿಗೆ ಸುಪ್ರೀಂ ಕೋರ್ಟು ನಮ್ಮ ರಾಜ್ಯದ್ದೇ ಆದ ಚಂದ್ರಪ್ಪ ಪ್ರಕರಣದಲ್ಲಿ, 2007ರಲ್ಲಿ, ನಿಯಮಗಳನ್ನು ಒಟ್ಟುಮಾಡಿ ಕೊಟ್ಟಿತ್ತು. ಖುಲಾಸೆಯಾದವನ ನಿರಪರಾಧಿತ್ವದ ಊಹೆ ಇಮ್ಮಡಿಯಾಗುತ್ತದೆ, ಎರಡು ಅಭಿಪ್ರಾಯಗಳು ಸಾಧ್ಯವಿದ್ದರೆ ಕೆಳಗಿನ ಕೋರ್ಟಿನದನ್ನು ಕದಲಿಸಬಾರದು. ನಿಯಮವಾಗಿ ಇದು ಸರಿಯೇ. ಆದರೆ ಶಿಕ್ಷೆಯಾದ ಕಡೆ ಮೇಲಿನ ಪೀಠಗಳು ಅಷ್ಟೇ ಹಿಂಜರಿಯುವುದಿಲ್ಲ. ಆಂಧ್ರದ ಚುಂಡೂರಿನಲ್ಲಿ 1991ರ ಆಗಸ್ಟ್ 6ರಂದು ಎಂಟು ದಲಿತರನ್ನು ಗದ್ದೆಗಳಲ್ಲಿ ಅಟ್ಟಾಡಿಸಿ ಕೊಂದಾಗ ಆ ಊರಿನಲ್ಲೇ ವಿಶೇಷ ನ್ಯಾಯಾಲಯ ತೆರೆದರು. ಅಲ್ಲಿ ಕೂತ ನ್ಯಾಯಾಧೀಶರಿಗೆ ಸಾಕ್ಷಿ ಹೇಳುವ ಕಾಲುವೆ, ಗದ್ದೆ, ಕೇರಿ ಎಲ್ಲ ಕೂಗಳತೆಯಲ್ಲಿದ್ದವು. ಸಾಕ್ಷಿ ತಡವರಿಸಿದರೆ ಯಾಕೆ ತಡವರಿಸಿದಳೆಂದು ಮುಖ ನೋಡಿ ತಿಳಿಯಬಹುದಿತ್ತು. 2007ರಲ್ಲಿ ಆ ನ್ಯಾಯಾಲಯ ಶಿಕ್ಷೆ ಕೊಟ್ಟಿತು, 2014ರ ಏಪ್ರಿಲ್‌ನಲ್ಲಿ ಹೈಕೋರ್ಟು ಬಿಡುಗಡೆ ಮಾಡಿತು. ಹೈಕೋರ್ಟಿಗೆ ಹೋಗುವುದು ಕಾಗದ. ತೆಲುಗಿನಲ್ಲೋ ಕನ್ನಡದಲ್ಲೋ ಆಡಿದ ಮಾತು ಇಂಗ್ಲಿಷಾಗಿ, ತಡವರಿಕೆ ಕಳಚಿ, ವ್ಯತ್ಯಾಸಗಳು ಮಾತ್ರ ಎದ್ದು ಕಾಣುವ ಕಾಗದ.

ಇಷ್ಟೆಲ್ಲ ಹೇಳಿದ ಮೇಲೆ ಓದುಗರು ಒಂದು ಮಾತು ಕೇಳಬಹುದು. ಹಾಗಾದರೆ ದಲಿತ ಸಾಕ್ಷಿ ಹೇಳಿದ್ದನ್ನೆಲ್ಲ ನಂಬಬೇಕೇ? ಇಲ್ಲ. ಈ ಮಾತನ್ನು ಹೇಳಲು ನಮಗಿಂತ ಅರ್ಹರು ಕಡಿಮೆ. ಅದೇ 2014ರ ಮೇ 16ರಂದು ಸುಪ್ರೀಂ ಕೋರ್ಟು ಅಕ್ಷರಧಾಮ ಪ್ರಕರಣದ ಆರು ಮಂದಿಯನ್ನು ನಿರಪರಾಧಿಗಳೆಂದು ಬಿಟ್ಟಿತು. ಅವರಲ್ಲಿ ಮೂವರಿಗೆ ಗಲ್ಲು ಶಿಕ್ಷೆಯಾಗಿತ್ತು. ಪೊಲೀಸರ ಮುಂದೆ ಕೊಟ್ಟರೆನ್ನಲಾದ ತಪ್ಪೊಪ್ಪಿಗೆ, ತಡವಾಗಿ ಬಂದ ಸಾಕ್ಷ್ಯ, ಯಾವುದೂ ಕೋರ್ಟಿನ ಸಂಶಯದ ಮುಂದೆ ನಿಲ್ಲಲಿಲ್ಲ. ಆ ಸಂಶಯ ಹತ್ತು ವರ್ಷ ಮೊದಲೇ ಹುಟ್ಟಬೇಕಿತ್ತು ಎಂದು ಕೊರಗುವ ನಾವು ಚುಂಡೂರಿನ ಆರೋಪಿಗಳಿಗೆ ಸಂಶಯದ ಲಾಭವೇ ಬೇಡವೆನ್ನಲಾರೆವು. ಈ ಇಕ್ಕಟ್ಟನ್ನು ನಾನು ಬಗೆಹರಿಸಿಕೊಂಡಿದ್ದೇನೆಂದು ಹೇಳುವುದಿಲ್ಲ. ಒಂದು ವ್ಯತ್ಯಾಸ ಮಾತ್ರ ನನಗೆ ಸ್ಪಷ್ಟವಿದೆ. ಅಕ್ಷರಧಾಮದಲ್ಲಿ ಸಂಶಯ ಹುಟ್ಟಿದ್ದು ದಾಖಲೆಯ ಒಳಗಿನಿಂದ, ದಿನಾಂಕಗಳಿಂದ, ತನಿಖೆಯ ಕ್ರಮದಿಂದ. ಕೀಳ್ವೆಣ್ಮಣಿಯಲ್ಲಿ ಸಂಶಯ ಹುಟ್ಟಿದ್ದು ಶ್ರೀಮಂತರು ಹೇಗೆ ನಡೆಯುತ್ತಾರೆಂಬ ನ್ಯಾಯಮೂರ್ತಿಗಳ ಕಲ್ಪನೆಯಿಂದ. ಎರಡಕ್ಕೂ ತೀರ್ಪಿನಲ್ಲಿ ಇಡುವ ಹೆಸರು ಒಂದೇ.

ಕಾನೂನು ಈಚೆಗೆ ಸ್ವಲ್ಪ ಸರಿದಿದೆ. 2016ರಿಂದ ಜಾರಿಗೆ ಬಂದ ತಿದ್ದುಪಡಿಯಲ್ಲಿ ಸಂತ್ರಸ್ತರು ಮತ್ತು ಸಾಕ್ಷಿಗಳ ಹಕ್ಕುಗಳಿಗೆಂದೇ ಒಂದು ಅಧ್ಯಾಯವಿದೆ. ಪರಿಚಯಸ್ಥರ ಜಾತಿ ಆರೋಪಿಗೆ ಗೊತ್ತಿತ್ತೆಂದು ನ್ಯಾಯಾಲಯ ಭಾವಿಸಬೇಕೆಂಬ ಮಾತೂ ಇದೆ. 2018ರಲ್ಲಿ ಸುಪ್ರೀಂ ಕೋರ್ಟು ಸಾಕ್ಷಿ ರಕ್ಷಣಾ ಯೋಜನೆಯೊಂದನ್ನು ಒಪ್ಪಿತು. ಮಾಮೂನ ಅಂಗಡಿಯ ಜಾಗ ಯಾರದು ಎಂದು ಆ ಯೋಜನೆ ಕೇಳೀತೇ ಎಂಬುದು ನನ್ನ ಕುತೂಹಲ.

ನಮ್ಮದೇ ಭಾಗದ ಮರಕುಂಬಿಯನ್ನು ಕೊನೆಯಲ್ಲಿ ಹೇಳುತ್ತೇನೆ. ಗಂಗಾವತಿ ತಾಲ್ಲೂಕಿನ ಆ ಊರಿನ ದಲಿತ ಕೇರಿಯ ಮೇಲೆ 2014ರ ಆಗಸ್ಟ್‌ನಲ್ಲಿ ದಾಳಿ ನಡೆದು ಗುಡಿಸಿಲುಗಳು ಸುಟ್ಟವು. ಹತ್ತು ವರ್ಷಗಳ ಮೇಲೆ, 2024ರ ಅಕ್ಟೋಬರ್ 24ರಂದು, ಕೊಪ್ಪಳದ ನ್ಯಾಯಾಲಯ 101 ಮಂದಿಗೆ ಶಿಕ್ಷೆ ವಿಧಿಸಿತು. 98 ಜನರಿಗೆ ಜೀವಾವಧಿ. ಆರೋಪಿಗಳು ಅಪೀಲು ಹೋದರು, ಮರುತಿಂಗಳು ಧಾರವಾಡ ಪೀಠ ಬಹುತೇಕರ ಶಿಕ್ಷೆಯನ್ನು ಅಮಾನತಿನಲ್ಲಿಟ್ಟು ಜಾಮೀನು ಕೊಟ್ಟಿತು. ಇಷ್ಟು ಮಂದಿಗೆ ಒಟ್ಟಾಗಿ ಶಿಕ್ಷೆಯಾದಾಗ ಪ್ರತಿಯೊಬ್ಬನನ್ನೂ ಯಾರು ಕಂಡರು, ಏನು ಮಾಡುವುದನ್ನು ಕಂಡರು ಎಂದು ಕೇಳುವುದು ಮೇಲಿನ ಪೀಠದ ಕರ್ತವ್ಯ, ಮಸಾಲ್ತಿ ಹೇಳಿದ್ದೂ ಅದನ್ನೇ. ಆ ಕೇರಿಯ ಜನ ಹತ್ತು ವರ್ಷ ತಿರುಗಿಬೀಳದೆ ನಿಂತದ್ದನ್ನೂ ಅದೇ ತಕ್ಕಡಿಯಲ್ಲಿ ಇಡುತ್ತಾರೆಯೇ ಎಂದು ನಾನು ಆ ಕಾಗದಗಳನ್ನು ಓದಲು ಕಾಯುವವನು.

ಆ ಮುದುಕಿಯ ಕೇಸು ಬಿದ್ದ ಮೇಲೆ ಅಬ್ಬಾ ಸ್ವಲ್ಪ ಕಾಲ ಒಂದು ಹಟ ಹಿಡಿದಿದ್ದರು. ಜನ ಹೇಳಿದ ಹಾಗೇ ಬರೆಯುತ್ತಿದ್ದರು. 'ಹೊತ್ತು ಮಾರುದ್ದ ಏರಿದಾಗ', 'ದನ ಮನೆಗೆ ಬರುವ ಹೊತ್ತಿಗೆ', ಬೈಗುಳವನ್ನೂ ಅಕ್ಷರ ಬಿಡದೆ. ಸ್ಟೇಷನ್ನಿನ ರೈಟರು ಅರ್ಜಿಗಳನ್ನು ವಾಪಸು ಕಳಿಸತೊಡಗಿದ. ಸಾಹೇಬ್ರ, ಇದೇನು ಕಥೀ ಬರದೀರಿ, ಟೈಮ್ ಹಾಕಿ ಕೊಡ್ರಿ ಎಂದು ಹೇಳಿ ಕಳಿಸಿದ. ಅರ್ಜಿ ತಂದವರು ಬಿಸಿಲಲ್ಲಿ ನಿಂತಿರುತ್ತಿದ್ದರು. ಅಬ್ಬಾ ಪೆನ್ನು ತೆಗೆದು, ಕೈಗಡಿಯಾರ ನೋಡಿಕೊಂಡು, ಸುಮಾರು ಎಂದು ಬರೆದು ಒಂದು ಅಂಕಿ ಹಾಕಿ ಕೊಡುತ್ತಿದ್ದರು.